ಜರ್ಮನ್ ಅಕ್ಷರ ತಿದ್ದಿದ ಕತೆ

ನಾನಿರುವುದು ಅಮೆರಿಕದ ವಿಸ್ಕಾನ್ಸಿನ್ ರಾಜ್ಯದಲ್ಲಿ. ಪಕ್ಕದ ಮನೆಯ ಅಜ್ಜಿ ಬಿಸ್ಕತ್ತಿನ ಡಬ್ಬಿ ಹಿಡಿದುಕೊಂಡು ಬಂದಾಗ ತಿಂಡಿ ಕೊಡೋಕೆ ಬಂದಿದ್ದಾರೆ ಅಂದುಕೊಂಡೆ. ಒಳಗಿದ್ದದ್ದು ಹನ್ನೊಂದು ಪತ್ರಗಳು. ಅವರ ಮುತ್ತಜ್ಜಿಗೆ ಜರ್ಮನಿಯಿಂದ ಬಂದವು. "ನಿನಗೆ ಜರ್ಮನ್ ಬರುತ್ತಲ್ಲ, ಏನಿದೆ ನೋಡು" ಅಂದರು.

ಬರುತ್ತಿತ್ತು ನಿಜ. ಆಫೀಸಿನ ಕೆಲಸಕ್ಕೆಂದು ಎರಡು ವರ್ಷ ಕಲಿತಿದ್ದೆ. ಜಂಬದಿಂದಲೇ ಮೊದಲ ಪತ್ರ ಬಿಡಿಸಿದೆ. ಒಂದು ಪದವೂ ಓದಲಾಗಲಿಲ್ಲ. ಗರಗಸದ ಹಲ್ಲಿನ ಹಾಗೆ ಮೇಲೆ ಕೆಳಗೆ, ಮೇಲೆ ಕೆಳಗೆ ಗೀಟುಗಳು, ಅಷ್ಟೇ.

ಅದು ಕುರೆಂಟ್ ಅನ್ನುವ ಹಳೇ ಕೈಬರಹ. ಇಪ್ಪತ್ತನೇ ಶತಮಾನದ ಮೊದಲ ಭಾಗದವರೆಗೂ ಜರ್ಮನ್ ಮಾತಾಡುವವರು ಬರೆಯುತ್ತಿದ್ದದ್ದು ಹೆಚ್ಚಾಗಿ ಹೀಗೆಯೇ. ಇಂದಿನ ಜರ್ಮನಿಯಲ್ಲೂ ತುಂಬ ಜನರಿಗೆ ಇದು ಓದಲು ಬರುವುದಿಲ್ಲ. ನನಗೆ ತಕ್ಷಣ ನೆನಪಾದದ್ದು ಧಾರವಾಡದ ನಮ್ಮ ಮನೆಯ ಅಟ್ಟ. ಅಲ್ಲಿ ಅಜ್ಜನ ಟ್ರಂಕಿನ ತುಂಬ, ಹಿಂದೆ ಮರಾಠಿ ಬರೆಯಲು ಬಳಸುತ್ತಿದ್ದ ಮೋಡಿ ಲಿಪಿಯ ಕಾಗದಗಳಿವೆ. ಜಮೀನಿನದೋ, ಸಾಲದ್ದೋ, ಯಾರಿಗೂ ಗೊತ್ತಿಲ್ಲ. ಅಪ್ಪ ಅದನ್ನು ತೆರೆದು, ಧೂಳು ಕೊಡವಿ, ಮತ್ತೆ ಮುಚ್ಚುತ್ತಿದ್ದರು. ಅಜ್ಜಿಯ ಡಬ್ಬಿಯದೂ ಅದೇ ಪಾಡು, ಅಲ್ವಾ?

ಅಕ್ಷರಮಾಲೆಯ ಚಾರ್ಟು ಎದುರಿಗಿಟ್ಟುಕೊಂಡು ಒಂದು ವಾರ ಒದ್ದಾಡಿದೆ. ಪ್ರಯೋಜನವಾಗಲಿಲ್ಲ. ಆಮೇಲೆ ಓದುವುದನ್ನು ಬಿಟ್ಟು ಬರೆಯಲು ಶುರು ಮಾಡಿದೆ. ಚಿಕ್ಕಂದಿನಲ್ಲಿ ಪಾಟಿಯ ಮೇಲೆ ತಿದ್ದಿದ ಹಾಗೆ, ಒಂದೊಂದು ಅಕ್ಷರ ಐವತ್ತು ಸಲ. ತರಕಾರಿ ಪಟ್ಟಿಯನ್ನೂ ಕುರೆಂಟ್‌ನಲ್ಲೇ ಬರೆದೆ. ಹೆಂಡತಿ ಅಂಗಡಿಯಿಂದ ಫೋನ್ ಮಾಡಿ ಬೈದಳು. ಆದರೆ ಮೂರನೇ ವಾರಕ್ಕೆ ಕಣ್ಣಿಗೆ ಕಾಣದ್ದು ಕೈಗೆ ತಿಳಿಯತೊಡಗಿತು. ಅವರ 'ಇ' (e) ನಮ್ಮ ಕಣ್ಣಿಗೆ 'ಎನ್' (n) ಥರವೇ ಇರುತ್ತದೆ, ಎರಡು ಗೀಟು ಸ್ವಲ್ಪ ಹತ್ತಿರ ಅಷ್ಟೇ. 'ಯು'ಗೂ 'ಎನ್'ಗೂ ವ್ಯತ್ಯಾಸವೇ ಇಲ್ಲ, ಅದಕ್ಕೇ 'ಯು' ಮೇಲೆ ಒಂದು ಚಿಕ್ಕ ಕೊಕ್ಕೆ ಹಾಕುತ್ತಾರೆ. ಬರೆಯುವ ಅವಸರದಲ್ಲಿ ಕೊಕ್ಕೆ ಪಕ್ಕದ ಅಕ್ಷರದ ಮೇಲೆ ಕೂತಿರುತ್ತದೆ. ಅದನ್ನು ಹಿಡಿದೇ ಪದ ಬಿಡಿಸಬೇಕು.

ಪತ್ರಕ್ಕಿಂತ ಚರ್ಚಿನ ದಾಖಲೆ ಪುಸ್ತಕ ಸುಲಭ. ಅದೇ ಹತ್ತಿಪ್ಪತ್ತು ಪದ ಮತ್ತೆ ಮತ್ತೆ ಬರುತ್ತವೆ: ಹುಟ್ಟಿದ, ಸತ್ತ, ಮದುವೆಯಾದ, ತವರು ಮನೆಯ ಹೆಸರು. ಹಾಗಾಗಿ ಊರಾಚೆಯ, ಜರ್ಮನ್ ವಲಸಿಗರ ಒಂದು ಹಳೇ ಲೂಥರನ್ (ಪ್ರಾಟೆಸ್ಟಂಟ್ ಪಂಥದ) ಚರ್ಚಿನಲ್ಲಿ ಶನಿವಾರಗಳಂದು ಸ್ವಯಂಸೇವಕನಾಗಿ ಸೇರಿಕೊಂಡೆ. ಕೆಲಸ ಇಷ್ಟೇ, ಪುಟದ ಫೋಟೋ ನೋಡಿ ಹೆಸರು, ದಿನಾಂಕ, ಊರು ಟೈಪ್ ಮಾಡುವುದು.

ಅಲ್ಲಿ ನಾನು ಮಾಡಿದ ಎಡವಟ್ಟು ಕೇಳಿ. ಪಾದ್ರಿಗಳು ಕೆಲವು ಕಡೆ ತಿಂಗಳನ್ನು '7ಬರ್', '8ಬರ್' ಎಂದು ಬರೆದಿದ್ದರು. ಏಳನೇ ತಿಂಗಳು ಜುಲೈ, ಎಂಟನೆಯದು ಆಗಸ್ಟ್, ಸರಿ ತಾನೆ? ನಲವತ್ತು ಪುಟ ಹಾಗೇ ತುಂಬಿಸಿದೆ. ಒಂದು ಮಗು ಹುಟ್ಟುವ ಮೊದಲೇ ಅದಕ್ಕೆ ದೀಕ್ಷಾಸ್ನಾನ ಆಗಿಹೋದಾಗ ತಲೆ ಕೆರೆದುಕೊಂಡೆ. ಲ್ಯಾಟಿನ್‌ನಲ್ಲಿ ಸೆಪ್ಟೆಮ್ ಅಂದರೆ ಏಳು, ಆಕ್ಟೋ ಅಂದರೆ ಎಂಟು. 7ಬರ್ ಅಂದರೆ ಸೆಪ್ಟೆಂಬರ್, 8ಬರ್ ಅಂದರೆ ಅಕ್ಟೋಬರ್! ನಲವತ್ತು ಪುಟವನ್ನೂ ಮೊದಲಿಂದ ಮಾಡಿದೆ.

ಇಷ್ಟು ಕಷ್ಟ ಯಾಕೆ ಅಂತ ಕೇಳಬಹುದು. ವಿಸ್ಕಾನ್ಸಿನ್‌ಗೆ ಬಂದ ಜರ್ಮನ್ನರಲ್ಲಿ ಪೊಮೆರೇನಿಯಾ ಕಡೆಯವರು ಬಹಳ ಜನ. ಅದು ಆಗಿನ ದೊಡ್ಡ ಜರ್ಮನ್ ರಾಜ್ಯ ಪ್ರಷ್ಯಾದ ಒಂದು ಪ್ರಾಂತ. ಪ್ರಷ್ಯಾದ ರಾಜ ಎರಡು ಪಂಥಗಳ ಚರ್ಚುಗಳನ್ನು ಒಂದು ಮಾಡಿದ್ದು ಒಪ್ಪದ ಲೂಥರನ್ನರು 1839ರಲ್ಲೇ ಬಂದು, ಮಿಲ್ವಾಕಿಯ ಉತ್ತರಕ್ಕೆ ಫ್ರೈಸ್ಟಾಟ್ ಕಟ್ಟಿದರು. ಸ್ವತಂತ್ರ ಊರು ಎಂದು ಅರ್ಥ. ಅಮೆರಿಕದ ಜನಗಣತಿಯಲ್ಲಿ ಇಂಥವರ ಹುಟ್ಟೂರಿನ ಜಾಗದಲ್ಲಿ ಬರೀ 'ಪ್ರಷ್ಯಾ' ಎಂದಿರುತ್ತದೆ. ಜರ್ಮನಿಯ ಬ್ರೆಮೆನ್ ಬಂದರಿನಲ್ಲಿ ಹಡಗು ಹತ್ತಿದವರ ಹಳೇ ಪಟ್ಟಿಗಳನ್ನು ಜಾಗ ಸಾಲದೆಂದು ಅಲ್ಲಿನ ಅಧಿಕಾರಿಗಳೇ ನಾಶ ಮಾಡಿದ್ದರು. ಪೊಮೆರೇನಿಯಾದ ಬಹುಪಾಲು ಈಗ ಪೋಲೆಂಡಿನಲ್ಲಿದೆ, ಊರಿನ ಹೆಸರುಗಳೇ ಬೇರೆ. ಎರಡನೇ ಮಹಾಯುದ್ಧದಲ್ಲಿ ಅಲ್ಲಿನ ದಾಖಲೆಗಳೂ ಎಷ್ಟೋ ಕಳೆದುಹೋದವು. ಹಾಗಾಗಿ ಒಂದು ಮನೆತನ ಯಾವ ಹಳ್ಳಿಯಿಂದ ಬಂತು ಅನ್ನುವುದು ಕೆಲವೊಮ್ಮೆ ಇಲ್ಲಿನ ಚರ್ಚಿನ ಪುಸ್ತಕದಲ್ಲಿ ಮಾತ್ರ ಉಳಿದಿರುತ್ತದೆ. ಆ ಒಂದು ಪದ ತಪ್ಪು ಓದಿದರೆ ಮುಗಿಯಿತು.

1918ರ ಪುಟಕ್ಕೆ ಬಂದಾಗ ಕೈ ನಿಂತಿತು. ಬೇಸಿಗೆಯವರೆಗೂ ಜರ್ಮನ್. ಆಮೇಲೆ ಅದೇ ಕೈ, ಅದೇ ಶಾಯಿ, ಆದರೆ ಇಂಗ್ಲಿಷ್. ಮೊದಲ ಕೆಲವು ಸಾಲುಗಳಲ್ಲಿ ಕಾಗುಣಿತ ತಪ್ಪು. ಪಾಪ, ಆ ಪಾದ್ರಿ.

ಅಮೆರಿಕ ಜರ್ಮನಿಯ ಮೇಲೆ ಯುದ್ಧಕ್ಕಿಳಿದು ಒಂದು ವರ್ಷವಾಗಿತ್ತು. ಪಕ್ಕದ ಅಯೋವಾದಲ್ಲಿ ಗವರ್ನರ್ ವಿಲಿಯಂ ಹಾರ್ಡಿಂಗ್ ಆ ಮೇ ತಿಂಗಳಲ್ಲಿ ಆಜ್ಞೆ ಹೊರಡಿಸಿದ್ದರು: ಶಾಲೆ, ರೈಲು, ಚರ್ಚು, ಕೊನೆಗೆ ಟೆಲಿಫೋನಿನಲ್ಲೂ ಇಂಗ್ಲಿಷ್ ಬಿಟ್ಟು ಬೇರೆ ಭಾಷೆ ಆಡಬಾರದು. ಮಿಲ್ವಾಕಿಯಲ್ಲಿ ಜರ್ಮಾನಿಯಾ ಕಟ್ಟಡದ ಮುಂದೆ ಇದ್ದ, ಜರ್ಮನಿಯನ್ನು ಹೆಣ್ಣಿನ ರೂಪದಲ್ಲಿ ತೋರಿಸುವ ಪ್ರತಿಮೆಯನ್ನು ಅದೇ ವರ್ಷ ಇಳಿಸಿದರು. ನೆಬ್ರಾಸ್ಕಾದಲ್ಲಿ ರಾಬರ್ಟ್ ಮೇಯರ್ ಎಂಬ ಮೇಷ್ಟರು ಹತ್ತು ವರ್ಷದ ಹುಡುಗನಿಗೆ ಜರ್ಮನ್ ಓದು ಕಲಿಸಿದ್ದಕ್ಕೆ 25 ಡಾಲರ್ ದಂಡ ಬಿತ್ತು. ಅದನ್ನು ಸುಪ್ರೀಂ ಕೋರ್ಟ್ 1923ರಲ್ಲಿ ರದ್ದು ಮಾಡಿತು. ಅಷ್ಟರಲ್ಲಿ ಎಷ್ಟೋ ಮನೆಗಳಲ್ಲಿ ಮಕ್ಕಳಿಗೆ ಜರ್ಮನ್ ಕಲಿಸುವುದೇ ನಿಂತಿತ್ತು. ಪಕ್ಕದ ಮನೆಯ ಅಜ್ಜಿಯ ಅಮ್ಮ ಆಗ ಶಾಲೆಗೆ ಹೋಗುತ್ತಿದ್ದ ಹುಡುಗಿ. ಮನೆಯಲ್ಲಿ ಪತ್ರಗಳಿದ್ದವು, ಓದುವವರಿಲ್ಲ.

ಕಾಗದ ಮುಟ್ಟುವ ವಿಷಯ ಸ್ವಲ್ಪ ಹೇಳಿಬಿಡುತ್ತೇನೆ. ಸಿನಿಮಾದಲ್ಲಿ ನೋಡಿ ಬಿಳಿ ಕೈಗವಸು ಕೊಂಡಿದ್ದೆ. ಬೇಡವೇ ಬೇಡ. ಅದರಿಂದ ಬೆರಳಿಗೆ ಸ್ಪರ್ಶ ತಪ್ಪಿ ಅಂಚು ಹರಿಯುತ್ತದೆ. ಕೈ ತೊಳೆದು ಚೆನ್ನಾಗಿ ಒರೆಸಿಕೊಂಡರೆ ಸಾಕು. ಮೇಜಿನ ಮೇಲೆ ಪೆನ್ಸಿಲ್ ಮಾತ್ರ. ಲ್ಯಾಮಿನೇಟ್ ಮಾಡಿಸಲೇಬಾರದು. ಅಜ್ಜಿಯ ಒಂದು ಪತ್ರಕ್ಕೆ ಯಾರೋ ಹಿಂದೆ ಸೆಲ್ಲೋಟೇಪ್ ಅಂಟಿಸಿ, ಆ ಸಾಲು ಪೂರ್ತಿ ಕಂದು ಬಣ್ಣಕ್ಕೆ ತಿರುಗಿತ್ತು. ಮಾಸಿದ ಶಾಯಿ ಇದ್ದರೆ ಬೆಳಕನ್ನು ಪಕ್ಕದಿಂದ ಬಿಟ್ಟು ಫೋಟೋ ತೆಗೆಯಿರಿ. ನಿಬ್ಬು ಕೊರೆದ ಗೆರೆಗೆ ನೆರಳು ಬಿದ್ದು ಅಕ್ಷರ ಕಾಣುತ್ತದೆ.

ಎಂಟು ತಿಂಗಳಾದ ಮೇಲೆ ಡಬ್ಬಿಗೆ ಮರಳಿದೆ. ಪ್ರೇಮಪತ್ರವೋ, ದೊಡ್ಡ ರಹಸ್ಯವೋ ಅಂತ ಅಜ್ಜಿ ಕಾದಿದ್ದರು. ಇದ್ದದ್ದು ಹಸುವಿನ ಕಾಲುನೋವು, ಬೆಣ್ಣೆಯ ರೇಟು, ಮಳೆ, ಯಾರದೋ ಮದುವೆಯಲ್ಲಿ ನಡೆದ ಜಗಳ. ಅಜ್ಜಿ ಹಸುವಿನ ಸಾಲನ್ನು ಮೂರು ಸಲ ಓದಿಸಿಕೊಂಡರು.

ಒಂದು ಪದ ಮಾತ್ರ ಇನ್ನೂ ಬಗೆಹರಿದಿಲ್ಲ. ಏಳನೇ ಪತ್ರದಲ್ಲಿ, ಸರಿಯಾಗಿ ಮಡಿಕೆಯ ಮೇಲೆ, ಕಾಗದ ಸವೆದು ತೂತಾಗಿದೆ. ಅಣ್ಣನ 'ಎರ್ಬೆನ್' ಹಾಳಾದರು ಎಂದಿರಬಹುದು, ಅಂದರೆ ವಾರಸುದಾರರು. ನಡುವೆ ಒಂದು 'ಎಸ್' ಇದ್ದರೆ ಅದು 'ಎರ್ಬ್ಸೆನ್', ಬಟಾಣಿ ಬೆಳೆ. ಟೈಪ್ ಮಾಡಿದ ಪ್ರತಿಯಲ್ಲಿ ಚೌಕ ಆವರಣ ಹಾಕಿ ಎರಡನ್ನೂ ಬರೆದಿದ್ದೇನೆ. ಅಜ್ಜಿ ಪೆನ್ಸಿಲಿನಿಂದ ಬಟಾಣಿಗೆ ಗುರುತು ಹಾಕಿಕೊಂಡಿದ್ದಾರೆ.