ಲಿಸ್ಬನ್‌ನಲ್ಲಿ ಕೂತು ‘ವೆರ್ದೆಸ್ ಆನೋಸ್’ ಕಲಿತಿದ್ದು

ಊರಲ್ಲಿ 11 ವರ್ಷ ವೀಣೆ ನುಡಿಸಿದ್ದೆ. ಕೆಲಸಕ್ಕೆ ಅಂತ ಲಿಸ್ಬನ್‌ಗೆ ಬರುವಾಗ ಅದನ್ನ ಅಮ್ಮನ ಹತ್ರ ಬಿಟ್ಟು ಬಂದೆ, ಬಂದ್ಮೇಲೆ ಕೈ ಸುಮ್ನೆ ಇರ್ತಿರ್ಲಿಲ್ಲ. ಮೊದಲನೇ ಚಳಿಗಾಲದಲ್ಲಿ ಪಕ್ಕದ ಮನೆ ಅಜ್ಜಿ ಕಾಫಿಗೆ ಕರೆದು ಒಂದು ರೆಕಾರ್ಡ್ ಹಾಕಿದ್ರು, 1967ರ ‘ಗಿತಾರಾ ಪೋರ್ತುಗೇಜಾ’. ಉಕ್ಕಿನ ತಂತಿ ಸದ್ದು, ಅದರ ಜೊತೆಗೇ ನುಡಿಸ್ತಿರೋ ಮನುಷ್ಯ ಉಸಿರು ಎಳ್ಕೊಳ್ಳೋದೂ ಕೇಳ್ಸುತ್ತೆ. ಕಾರ್ಲೋಸ್ ಪರೇದೆಸ್ ಅಂತ ಹೆಸರು ಹೇಳಿದ್ರು. ಅವತ್ತೇ ಕಲೀಬೇಕು ಅನ್ನಿಸ್ತು.

ಅಂಗಡಿಯಲ್ಲಿ ಮೊದಲನೇ ಗೊಂದಲ ಆಗಿದ್ದು ಹೆಸರಲ್ಲಿ. ಇಲ್ಲಿ ‘ವಿಯೋಲಾ’ ಅಂದ್ರೆ ನಮಗೆ ಗೊತ್ತಿರೋ ಮಾಮೂಲಿ ಗಿಟಾರು, ‘ಗಿತಾರಾ’ ಅಂದ್ರೆ ಹೊಟ್ಟೆ ದುಂಡಗಿರೋ, ಆರು ಜೊತೆಯಲ್ಲಿ 12 ತಂತಿ ಇರೋ ಪೋರ್ಚುಗೀಸ್ ಗಿಟಾರು. ಅದ್ರಲ್ಲೂ ಲಿಸ್ಬನ್‌ದು, ಕೊಯಿಂಬ್ರಾ ಅನ್ನೋ ಇನ್ನೊಂದು ಊರಿಂದು ಅಂತ ಎರಡು ಬಗೆ ಇದೆ ಅಂತ ನನಗೆ ಗೊತ್ತಿರ್ಲಿಲ್ಲ, ಕೈಗೆ ಸಿಕ್ಕ ಲಿಸ್ಬನ್ ಬಗೆಯದ್ದೇ ತಂದ್ಬಿಟ್ಟೆ. ಪರೇದೆಸ್ ಹುಟ್ಟಿದ್ದು 1925ರಲ್ಲಿ ಕೊಯಿಂಬ್ರಾದಲ್ಲಿ, ತಾತ ಗೊನ್ಸಾಲೊ, ಅಪ್ಪ ಅರ್ತುರ್ ಇಬ್ಬರೂ ಅದೇ ವಾದ್ಯದವ್ರು, ಕೊಯಿಂಬ್ರಾ ಗಿಟಾರಿಗೆ ಈಗಿನ ರೂಪ ಬಂದಿದ್ದರಲ್ಲಿ ಅಪ್ಪಂದು ದೊಡ್ಡ ಪಾಲಿದೆ. ಅಲ್ಲಿನ ಶ್ರುತಿ ಲಿಸ್ಬನ್‌ಗಿಂತ ಒಂದು ಪೂರ್ತಿ ಸ್ವರ ಕೆಳಗೆ, ಮಂದ್ರದಿಂದ ಪಾಶ್ಚಾತ್ಯ ಸ್ವರದ ಹೆಸರಲ್ಲಿ ಸಿ ಜಿ ಎ ಡಿ ಜಿ ಎ. ನಾನು ನನ್ನ ವಾದ್ಯದ ತಂತಿ ಸಡಿಲ ಮಾಡಿ ಅಷ್ಟಕ್ಕೆ ಇಳಿಸಿದೆ, ಒಂದು ತಿಂಗಳು ಬರೀ ಝರಝರ ಸದ್ದು. ಪಾಠಕ್ಕೆ ಸೇರಿದ ಮೇಲೆ ಮೇಷ್ಟ್ರು ಅದನ್ನ ನೋಡಿದವ್ರೇ, ಕೊಯಿಂಬ್ರಾದ್ದಕ್ಕೆ ತಂತಿಯ ಉದ್ದ ಜಾಸ್ತಿ, ಅದಕ್ಕೇ ಆ ಶ್ರುತಿ ತಡ್ಕೊಳ್ಳುತ್ತೆ, ನಿಂದು ತಡ್ಕೊಳ್ಳಲ್ಲ ಅಂದ್ರು. ವಾದ್ಯಾನೇ ಬದಲಾಯಿಸ್ದೆ. ಕಲಿಯೋರು ದಯವಿಟ್ಟು ಇದನ್ನ ಮೊದಲೇ ವಿಚಾರಿಸ್ಕೊಳ್ಳಿ.

ಬಲಗೈ ತೋರುಬೆರಳು ಹೆಬ್ಬೆರಳಿಗೆ ಕೃತಕ ಉಗುರು ಇಟ್ಟು ಟೇಪ್ ಸುತ್ತಬೇಕು, ಅದು ವಾರದಲ್ಲಿ ಅಭ್ಯಾಸ ಆಯ್ತು. ಕಷ್ಟ ಆಗಿದ್ದು ಎಡಗೈ. ವೀಣೆಯಲ್ಲಿ ತಂತಿ ಎಳೆದು ಗಮಕ ತರೋ ಕೈ ನಂದು, ಇಲ್ಲಿ ಒಂದು ಸ್ವರಕ್ಕೆ ಎರಡು ತಂತಿ, ಎರಡೂ ಒಂದೇ ಸಮ ಎಳೀದಿದ್ರೆ ಒಂದಕ್ಕೊಂದು ಶ್ರುತಿ ಬಿಟ್ಟು ಕಿವಿಗೆ ಚುಚ್ಚುತ್ತೆ. ದಿನಾ ಅರ್ಧ ಗಂಟೆ ಒಂದೇ ಸ್ವರ ಹಿಡಿದು ಅಲುಗಿಸೋದಷ್ಟೇ ಮಾಡಿದೆ, ಮೂರು ತಿಂಗಳು.

ಆಮೇಲೆ ಪರೇದೆಸ್ ಅವರ ‘ವೆರ್ದೆಸ್ ಆನೋಸ್’ ಹಾಡಿಗೆ ಕೈ ಹಾಕ್ದೆ, ಮಾತಿಲ್ಲ, ಬರೀ ವಾದ್ಯ. ಸ್ವರ ಎಲ್ಲಾ ಬಾಯಿಪಾಠ ಆಯ್ತು, ಆದ್ರೆ ಮೇಷ್ಟ್ರು ಪ್ರತಿ ಸಲ ತಲೆ ಅಲ್ಲಾಡಿಸೋರು, ಯಾಕೆ ಅಂತ ಹೇಳ್ತಿರ್ಲಿಲ್ಲ. ಒಂದಿನ, ಇದು ಸಿನಿಮಾಕ್ಕೆ ಮಾಡಿದ್ದಲ್ವಾ, ಸಿನಿಮಾ ನೋಡಿದೀಯಾ ಅಂದ್ರು. ನೋಡಿರ್ಲಿಲ್ಲ. 1963ರದ್ದು, ಪೌಲೊ ರೋಶಾ ಅವರ ಮೊದಲ ಚಿತ್ರ. ಹಳ್ಳಿಯಿಂದ ಲಿಸ್ಬನ್‌ಗೆ ಬಂದು ಚಪ್ಪಲಿ ಹೊಲಿಯೋ ಹುಡುಗ, ಮನೆಗೆಲಸದ ಹುಡುಗಿ, ಇಬ್ಬರೂ ಹೊಸ ಹೊಸ ಕಟ್ಟಡಗಳ ನಡುವೆ ಓಡಾಡ್ತಾರೆ, ಊರು ಅವರನ್ನ ಒಳಗೆ ಬಿಟ್ಕೊಳ್ಳಲ್ಲ, ಕೊನೆಗೆ ಹುಡುಗ ಅವಳನ್ನೇ ಕೊಲ್ತಾನೆ. ಆ ರಾತ್ರಿ ನಿದ್ದೆ ಬರ್ಲಿಲ್ಲ. ನಾನೂ ಅದೇ ಊರಿಗೆ ಹೊಸಬಳಾಗಿ ಬಂದು ಭಾನುವಾರ ಒಬ್ಬಳೇ ಆ ಥರದ ರಸ್ತೆಗಳಲ್ಲಿ ಸುತ್ತಿದವಳು. ನಾನು ಅಷ್ಟು ದಿನ ಒಂದು ಸಾಲು ಮುಗೀತಿದ್ದಂಗೆ ಇನ್ನೊಂದಕ್ಕೆ ಓಡ್ತಿದ್ದೆ, ಪರೇದೆಸ್ ಅಲ್ಲಿ ನಿಲ್ತಾರೆ, ಉಸಿರು ತಗೋತಾರೆ, ಜೊತೆಗೆ ನುಡಿಸೋ ಫೆರ್ನಾಂದೊ ಅಲ್ವಿಮ್ ಅವರ ವಿಯೋಲಾ ಮಾತ್ರ ಮೆಲ್ಲಗೆ ನಡೀತಾ ಇರುತ್ತೆ. ಮಾರನೇ ದಿನದಿಂದ ವಿಯೋಲಾ ಭಾಗವನ್ನ ಮೊಬೈಲಲ್ಲಿ ರೆಕಾರ್ಡ್ ಮಾಡ್ಕೊಂಡು, ಸಾಲು ಮುಗಿದ ಕಡೆ ನಾನೂ ಜೋರಾಗಿ ಉಸಿರು ಎಳೆದು ಆಮೇಲೆ ಮುಂದಿನ ಸಾಲು ಎತ್ಕೊಳ್ತಿದ್ದೆ. ಮೇಷ್ಟ್ರು ಮುಂದಿನ ಪಾಠದಲ್ಲಿ ಮಧ್ಯೆ ತಡೀದೆ ಪೂರ್ತಿ ಕೇಳಿದ್ರು.

ರಾತ್ರಿ ಹೊತ್ತು ಅಕ್ಕಪಕ್ಕದವರಿಗೆ ತೊಂದ್ರೆ ಆಗ್ಬಾರ್ದು ಅಂತ ವಾದ್ಯ ಇಲ್ಲದೆ ಬೆರಳಲ್ಲೇ ಅಭ್ಯಾಸ ಮಾಡೋದು ಕಲಿತಿದ್ದೂ ಪರೇದೆಸ್ ಅವರಿಂದಲೇ. ಸರ್ವಾಧಿಕಾರಿ ಸಲಜಾರ್ ಕಾಲದಲ್ಲಿ, 1958ರಲ್ಲಿ, ಕಮ್ಯುನಿಸ್ಟ್ ಪಕ್ಷದವ್ರು ಅಂತ ರಹಸ್ಯ ಪೊಲೀಸರು ಅವರನ್ನ ಹಿಡಿದು ಜೈಲಿಗೆ ಹಾಕಿದ್ರು. ಸೆಲ್ಲಲ್ಲಿ ಅತ್ತಿಂದಿತ್ತ ನಡೀತಾ ಗಾಳಿಯಲ್ಲೇ ಬೆರಳಾಡಿಸೋರಂತೆ, ಜೊತೆಗಿದ್ದೋರು ತಲೆ ಕೆಟ್ಟಿದೆ ಅಂದ್ಕೊಂಡಿದ್ರಂತೆ. ಆಸ್ಪತ್ರೆ ಕೆಲಸಾನೂ ಹೋಯ್ತು. ಆ ಸರ್ವಾಧಿಕಾರ ಬೀಳಿಸಿದ 1974ರ ಕ್ರಾಂತಿ ಆದ್ಮೇಲೆ, ಅಷ್ಟು ಹೆಸರಿದ್ದೋರು, ವಾಪಸ್ ಸಾವ್ ಜೊಜೆ ಆಸ್ಪತ್ರೆಯಲ್ಲಿ ಎಕ್ಸ್‌ರೇ ಜೋಡಿಸಿಡೋ ಅದೇ ಗುಮಾಸ್ತೆ ಕೆಲಸಕ್ಕೇ ಹೋದ್ರು. 1993ರಲ್ಲಿ ಬೆನ್ನುಹುರಿ ಕಾಯಿಲೆ ಬಂದು ನುಡಿಸೋದೇ ನಿಂತ್ಹೋಯ್ತು, 2004ರಲ್ಲಿ ತೀರ್ಕೊಂಡ್ರು. ಆ ಕೊನೇ ಹನ್ನೊಂದು ವರ್ಷ ನೆನೆಸ್ಕೊಂಡ್ರೆ ಈಗ್ಲೂ ಹೊಟ್ಟೆ ಹಿಂಡುತ್ತೆ.

ಹೋದ ತಿಂಗಳಿಂದ ರೋಶಾ ಅವರ ಎರಡನೇ ಚಿತ್ರ, 1966ರ ‘ಮುದಾರ್ ದೆ ವೀದಾ’ಕ್ಕೆ ಪರೇದೆಸ್ ಮಾಡಿದ ಸಂಗೀತ ಶುರು ಮಾಡಿದೀನಿ. ಈ ಸಲ ಮೊದಲು ಸಿನಿಮಾ ಎರಡು ಸಲ ನೋಡಿ, ಆಮೇಲೆ ಉಗುರು ಕಟ್ಕೊಂಡೆ. ಹೆಬ್ಬೆರಳು ಇನ್ನೂ ಹಿಂದೆ ಬೀಳ್ತಿದೆ, ನಾಳೆ ಮತ್ತೆ ಪಾಠ ಇದೆ.