ತಾರೀಖು ಗೊತ್ತಿಲ್ಲದವರ ನೆನಪನ್ನು ಅಳೆಯುವುದು: ನನ್ನ ಅನುಭವ

ವಿಜಯಪುರದಲ್ಲಿ ಚಿಕಿತ್ಸಾ ಮನೋವಿಜ್ಞಾನಿಯಾಗಿ ಕೆಲಸಕ್ಕೆ ಸೇರಿದ ಮೊದಲ ವರ್ಷ ನಾನು ಬರೆದ ಒಂದು ವರದಿಯಿಂದಾಗಿ, ಸಿಂದಗಿ ತಾಲ್ಲೂಕಿನ ಆಯಿಯೊಬ್ಬರ ಸೊಂಟದಲ್ಲಿದ್ದ ತಿಜೋರಿಯ ಚಾವಿ ಸೊಸೆಯ ಕೈಗೆ ಹೋಯಿತು. ಗಂಡ ತೀರಿಕೊಂಡ ಮೇಲೆ ಅವರು ಮಾತು ಕಡಿಮೆ ಮಾಡಿದ್ದರು, ಹೇಳಿದ್ದನ್ನು ಮರೆಯುತ್ತಿದ್ದರು, ಹಗಲೆಲ್ಲ ಮಲಗಿರುತ್ತಿದ್ದರು. ನಾನು ನೆನಪು, ಗಮನ, ಭಾಷೆಗಳನ್ನು ಅಳೆಯುವ ಮಿನಿ ಮೆಂಟಲ್ ಸ್ಟೇಟ್ ಎಕ್ಸಾಮಿನೇಷನ್ ಎಂಬ ಪರೀಕ್ಷೆ ಮಾಡಿದೆ. 30ಕ್ಕೆ 13 ಅಂಕ ಬಂದವು. ಡಿಮೆನ್ಷಿಯಾ, ಅಂದರೆ ನೆನಪು ಮತ್ತು ಯೋಚನೆಯ ಶಕ್ತಿ ಕುಗ್ಗುವ ಕಾಯಿಲೆ, ಇರಬಹುದೆಂದು ಬರೆದೆ. ಆ ಒಂದು ಪದ ಮನೆ ಮುಟ್ಟುವ ಹೊತ್ತಿಗೆ "ಆಯೀದು ಬುದ್ಧಿ ಹೋಗೇತಿ" ಎಂದಾಗಿತ್ತು. ಐದು ತಿಂಗಳ ಮೇಲೆ ಬೇರೊಬ್ಬ ವೈದ್ಯರು ರಕ್ತ ಪರೀಕ್ಷೆ ಮಾಡಿಸಿದಾಗ ಥೈರಾಯ್ಡ್ ಗ್ರಂಥಿ ತೀರ ಮಂದವಾಗಿದ್ದದ್ದು ಗೊತ್ತಾಯಿತು. ಜೊತೆಗೆ ಖಿನ್ನತೆಯೂ ಇತ್ತು. ಎರಡಕ್ಕೂ ಮಾತ್ರೆ ಶುರುವಾಗಿ ಕೆಲವು ತಿಂಗಳು ಕಳೆದ ಮೇಲೆ ಆಯಿ ತಾವಾಗಿಯೇ ನನ್ನ ಕೋಣೆಗೆ ನಡೆದು ಬಂದು ಕೇಳಿದರು: "ಯವ್ವಾ, ನನ್ನ ಚಾವಿ ಯಾಕ ಕಸಗೊಳ್ಳೂವಂಗ ಮಾಡಿದಿ?"

ಆ ಪ್ರಶ್ನೆಗೆ ಉತ್ತರ ಹುಡುಕುತ್ತ ಹಳೆಯ ಉತ್ತರ ಪತ್ರಿಕೆಯನ್ನು ಮತ್ತೆ ತೆಗೆದು ನೋಡಿದೆ. ಆಯಿ ಸಾಲಿಯ ಮುಖ ಕಂಡವರಲ್ಲ. 1975ರಲ್ಲಿ ಅಮೆರಿಕದಲ್ಲಿ ಪ್ರಕಟವಾದ ಆ ಪರೀಕ್ಷೆಯಲ್ಲಿ ನೂರರಿಂದ ಏಳೇಳು ಕಳೆಯುತ್ತ ಹೋಗುವುದಕ್ಕೆ 5 ಅಂಕ, ಬರೆದದ್ದನ್ನು ಓದುವುದಕ್ಕೆ 1, ವಾಕ್ಯ ಬರೆಯುವುದಕ್ಕೆ 1, ಒಂದಕ್ಕೊಂದು ತಾಗಿದ ಎರಡು ಪಂಚಕೋನಗಳನ್ನು ನೋಡಿ ಬಿಡಿಸುವುದಕ್ಕೆ 1. ಅಂದರೆ 8 ಅಂಕಗಳು ಪೆನ್ನು ಹಿಡಿಯದವರಿಗೆ ಮೊದಲೇ ದಕ್ಕದವು. ತಾರೀಖು, ತಿಂಗಳು, ಇಸವಿಗಳ 3 ಅಂಕಗಳನ್ನೂ ಅದಕ್ಕೆ ಸೇರಿಸಬೇಕು. ಉಳಿದದ್ದರಲ್ಲಿ ಒಂದಿಷ್ಟು ಅವರಿಗೆ ಕೇಳಿಸಿಯೇ ಇರಲಿಲ್ಲ ಎಂಬುದು ನನ್ನ ಈಗಿನ ಅನುಮಾನ, ಏಕೆಂದರೆ ಅವರ ಕಿವಿ ಮಂದವೆಂಬುದನ್ನು ನಾನು ಆ ದಿನ ಪರೀಕ್ಷಿಸಿರಲಿಲ್ಲ.

ನನಗಿಂತ ಬಹಳ ಮೊದಲೇ ಈ ತೊಂದರೆಯನ್ನು ಕಂಡವರಿದ್ದರು. ಹರಿಯಾಣದ ಬಲ್ಲಭಗಢದ ಹಳ್ಳಿಗಳಲ್ಲಿ ಅಕ್ಷರ ಬಾರದ ಹಿರಿಯರಿಗಾಗಿ ಸಿದ್ಧಪಡಿಸಿದ ಹಿಂದಿ ಮೆಂಟಲ್ ಸ್ಟೇಟ್ ಎಕ್ಸಾಮಿನೇಷನ್ 1995ರಲ್ಲಿ ಪ್ರಕಟವಾಯಿತು. ಅದರಲ್ಲಿ ಲೆಕ್ಕದ ಬದಲು ವಾರದ ದಿನಗಳನ್ನು ಕೊನೆಯಿಂದ ಮೊದಲಿಗೆ ಹೇಳಿಸುತ್ತಾರೆ. ನೆನಪು, ಗಮನ ಮೊದಲಾದವನ್ನು ಅಳೆಯುವ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ ಪರೀಕ್ಷೆಗಳ ಕಟ್ಟು ಈಗ ಕನ್ನಡವೂ ಸೇರಿ ಐದು ಭಾಷೆಗಳಲ್ಲಿ ಇದೆ, ಅಕ್ಷರಸ್ಥರಲ್ಲದವರಿಗೆ ಬೇರೆ ರೂಪವನ್ನೂ ಒಳಗೊಂಡಿದೆ. ಅಂಕ ಕೊಡಬೇಕಾದಾಗ ನಾನು ಇಂಥ ಪ್ರಮಾಣೀಕರಿಸಿದ ಸಾಧನವನ್ನೇ ಬಳಸುತ್ತೇನೆ. ಆದರೆ ಅಂಕಕ್ಕೆ ಮೊದಲಿನ ಅರ್ಧ ಗಂಟೆಯನ್ನು ಈ ಸೀಮೆಯ ಬದುಕಿನ ಲೆಕ್ಕದಲ್ಲಿ ಕಳೆಯುವುದನ್ನು ಕಲಿತಿದ್ದೇನೆ. ತಾರೀಖು ಕೇಳುವುದಿಲ್ಲ, ಯಾವ ಹಬ್ಬವಾಗಿ ಎಷ್ಟು ದಿನವಾಯಿತು, ಹೊಲದಲ್ಲಿ ಈಗ ಏನು ನಿಂತಿದೆ ಎಂದು ಕೇಳುತ್ತೇನೆ. "ಎಳ್ಳಮಾಸಿ ಆಗಿ ಎಂಟ ದಿನ ಆತ್ರಿ, ಹೊಲಕ್ಕ ಹೋಗಿ ಚರಗಾ ಚೆಲ್ಲಿ ಬಂದೀವಿ" ಎನ್ನುವವರಿಗೆ ಕಾಲದ ಅರಿವು ಗಟ್ಟಿಯಾಗಿಯೇ ಇದೆ. ಅದೇ ದಿನ ಸಂಕ್ರಾಂತಿಯ ಸಿದ್ಧೇಶ್ವರ ಜಾತ್ರೆ ಇನ್ನು ಬರಬೇಕೋ ಮುಗಿಯಿತೋ ಎಂದು ಹೇಳಲಾಗದೆ, ಬಿಳಿಜೋಳ ಎದೆಮಟ್ಟ ಬೆಳೆದಿರುವಾಗ "ಈಗ ಬಿತ್ತಿಗಿ ನಡದೈತಿ" ಎನ್ನುವ ರೈತನ ಬಗ್ಗೆ ನಾನು ಎಚ್ಚರಗೊಳ್ಳುತ್ತೇನೆ, ಅವನು ಇಸವಿಯನ್ನು ಸರಿಯಾಗಿ ಹೇಳಿದರೂ ಸಹ. ಒಂದು ನಿಮಿಷದಲ್ಲಿ ಎಷ್ಟು ಪ್ರಾಣಿಗಳ ಹೆಸರು ಹೇಳಬಲ್ಲಿರಿ ಎಂಬುದರ ಜೊತೆಗೆ ಸಂತೆಯ ಕಾಯಿಪಲ್ಲೆಗಳನ್ನೂ ಹೇಳಿಸುತ್ತೇನೆ. ಎರಡರ ಅಂತರವೇ ಕೆಲವೊಮ್ಮೆ ಮಾತಾಡುತ್ತದೆ.

ಉತ್ತರ ತಪ್ಪಿದ್ದಕ್ಕಿಂತ ಅದು ತಪ್ಪಿದ ಬಗೆಯನ್ನು ಗಮನಿಸಬೇಕೆಂಬುದು ನನಗೆ ನಿಧಾನವಾಗಿ ತಿಳಿದ ವಿಷಯ. ಖಿನ್ನತೆಯಲ್ಲಿರುವವರು ಬಹಳ ಸಲ ಪ್ರಯತ್ನಿಸುವ ಮೊದಲೇ "ನನಗೇನೂ ನೆಪ್ಪ ಉಳಿಯಂಗಿಲ್ಲ" ಎಂದು ಕೈ ಚೆಲ್ಲುತ್ತಾರೆ, ತಮ್ಮ ಮರೆವನ್ನು ತಾವೇ ದೊಡ್ಡದು ಮಾಡಿ ಹೇಳುತ್ತಾರೆ. ಸ್ವಲ್ಪ ಸುಳಿವು ಕೊಟ್ಟರೆ ಮರೆತ ಪದ ಹಿಂದಿರುಗುತ್ತದೆ. ಡಿಮೆನ್ಷಿಯಾದ ಅತಿ ಸಾಮಾನ್ಯ ರೂಪವಾದ ಆಲ್ಜೈಮರ್ ಕಾಯಿಲೆ ಶುರುವಾದವರು ಪ್ರಶ್ನೆ ಕೇಳಿದೊಡನೆ ಕತ್ತು ತಿರುಗಿಸಿ ಮಗನ ಅಥವಾ ಹೆಂಡತಿಯ ಮುಖ ನೋಡುತ್ತಾರೆ, ನಗುತ್ತ ಮಾತು ಮರೆಸುತ್ತಾರೆ. ಸುಳಿವು ಕೊಟ್ಟರೂ ಪದ ಸಿಗುವುದಿಲ್ಲ, ಏಕೆಂದರೆ ಅದು ಒಳಗೆ ದಾಖಲಾಗಿಯೇ ಇರುವುದಿಲ್ಲ. ಈ ಗುರುತುಗಳನ್ನು ನಾನು ತೀರ್ಪು ಎಂದು ತಿಳಿಯುವುದಿಲ್ಲ. ಥೈರಾಯ್ಡ್, ಬಿ12, ಸಕ್ಕರೆ, ಸೋಡಿಯಂ ಪರೀಕ್ಷೆಯಾಗದೆ, ಬಿದ್ದು ತಲೆಗೆ ಪೆಟ್ಟಾಗಿತ್ತೇ ಎಂದು ಕೇಳದೆ, ನುಂಗುವ ಮಾತ್ರೆಗಳನ್ನೆಲ್ಲ ಮೇಜಿನ ಮೇಲೆ ಸುರಿದು ನೋಡದೆ ಡಿಮೆನ್ಷಿಯಾ ಎಂಬ ಪದವನ್ನು ನಾನು ಈಗ ಬರೆಯುವುದಿಲ್ಲ. ನಡೆಯುವಾಗ ಕಾಲು ನೆಲಕ್ಕೆ ಅಂಟಿಕೊಂಡಂತಾಗಿ, ಮೂತ್ರದ ಹಿಡಿತ ತಪ್ಪಿ, ಜೊತೆಗೆ ಮರೆವೂ ಬಂದರೆ ಮೆದುಳಿನ ದ್ರವ ಹೆಚ್ಚಿರಬಹುದು, ಅದಕ್ಕೆ ಶಸ್ತ್ರಚಿಕಿತ್ಸೆಯಿದೆ. ಎರಡು ದಿನಗಳಲ್ಲಿ ಹುಟ್ಟಿದ ಗೊಂದಲವಾದರೆ ಅದು ಸನ್ನಿ. ಜ್ವರ, ಸೋಂಕು, ದಾರು ಬಿಟ್ಟದ್ದು, ಏನಾದರೂ ಕಾರಣವಿರುತ್ತದೆ, ಅಂಥವರನ್ನು ಆ ಹೊತ್ತಿಗೇ ಆಸ್ಪತ್ರೆಗೆ ಕಳಿಸಬೇಕು. "ಅರವತ್ತಕ್ಕ ಅರಳು ಮರಳು" ಎಂಬ ಮಾತು ನಮ್ಮಲ್ಲಿ ಎಷ್ಟು ಜನರನ್ನು ತಡವಾಗಿ ಕರೆತಂದಿದೆಯೆಂದು ಯೋಚಿಸಿದಾಗ ನನಗೆ ನಿಜವಾಗಿಯೂ ಸಂಕಟವಾಗುತ್ತದೆ.

ಬಸವನ ಬಾಗೇವಾಡಿ ಕಡೆಯ ಒಬ್ಬ ತಾಯಿಯ ಅಂಕಗಳು ಇದಕ್ಕೆ ಉಲ್ಟಾ ಇದ್ದವು: ಎಲ್ಲವೂ ಸರಿ. ಆದರೆ ಸೊಸೆ ಮತ್ತೆ ಮತ್ತೆ ಒಂದೇ ಮಾತು ಹೇಳುತ್ತಿದ್ದಳು: "ಅತ್ತಿ ರೊಟ್ಟಿ ಕೆಡಸ್ತಾರ್ರೀ." ನಾನು ಮನೆಗೇ ಹೋಗಿ ಒಲೆಯ ಪಕ್ಕದಲ್ಲಿ ಕುಳಿತೆ. ಅವರು ಪರಾತದಲ್ಲಿ ಜೋಳದ ಹಿಟ್ಟು ಹಾಕಿ, ನಡುವೆ ಗುಂಡಿ ಮಾಡಿ, ಕುದಿಯುವ ಎಸರು ಸುರಿದು ನಾದಿದರು. ಉಂಡೆ ಮಾಡಿ ಬಡಿಯತೊಡಗಿದಾಗ ಆ ಕೈಯ ಲಯ ನೋಡುವಂತಿತ್ತು. ರೊಟ್ಟಿ ಒಂದೇ ದಪ್ಪಕ್ಕೆ ದುಂಡಗೆ ಹರಡುತ್ತ ಹೋಯಿತು. ಹಂಚಿಗೆ ಹಾಕಿದರು. ಆಮೇಲೆ ಮೇಲ್ಮೈಗೆ ನೀರು ಸವರಬೇಕು, ಸವರಲಿಲ್ಲ. ಒದ್ದೆ ಅರಿವೆ ಕೈಯಲ್ಲಿಯೇ ಇತ್ತು. ಅದನ್ನು ಹಿಡಿದುಕೊಂಡು ಒಂದು ಗಳಿಗೆ ಒಲೆಯನ್ನೇ ನೋಡಿದರು, ನಂತರ ಪಕ್ಕಕ್ಕಿಟ್ಟು ಎರಡನೆಯ ಉಂಡೆ ತೆಗೆದುಕೊಂಡರು. ಮೊದಲನೆಯದು ಸೀದ ವಾಸನೆ ಬಂದರೂ ತಿರುಗಿ ನೋಡಲಿಲ್ಲ. ಉಂಡೆಯನ್ನು ಬಿಟ್ಟು ಇದ್ದ ಕಣಕಕ್ಕೆ ಮತ್ತೆ ಎಸರು ಸುರಿಯಲು ಹೋದರು. ಐವತ್ತು ವರ್ಷ ಮಾಡಿದ ಕೆಲಸದ ಪಳಗಿಕೆ ಕೈಯಲ್ಲಿ ಹಾಗೆಯೇ ಇತ್ತು, ಒಂದಾದ ಮೇಲೊಂದು ಮಾಡುವ ಸರತಿ ಮಾತ್ರ ಕಳಚಿತ್ತು. ಯೋಜಿಸುವ, ಗಮನವನ್ನು ಒಂದರಿಂದ ಇನ್ನೊಂದಕ್ಕೆ ಹೊರಳಿಸುವ ಈ ಶಕ್ತಿಗೆ ಮೆದುಳಿನ ಮುಂಭಾಗವೂ ಅದನ್ನು ಒಳಭಾಗಕ್ಕೆ ಜೋಡಿಸುವ ನರತಂತುಗಳೂ ಬೇಕು. ಸ್ಕ್ಯಾನ್‌ನಲ್ಲಿ ಸಣ್ಣ ಸಣ್ಣ ಹಳೆಯ ಪಾರ್ಶ್ವವಾಯುವಿನ ಗುರುತುಗಳು ಕಂಡವು. ಬಿಪಿ ಮಾತ್ರೆಯನ್ನು ಅವರು ತಲೆ ತಿರುಗಿದಾಗ ಮಾತ್ರ ನುಂಗುತ್ತಿದ್ದರು. ಈಗ ದಿನವೂ ನುಂಗುತ್ತಾರೆ. ರೊಟ್ಟಿಯನ್ನು ಅವರು ಬಡಿಯುತ್ತಾರೆ, ಹಂಚನ್ನು ಸೊಸೆ ನೋಡಿಕೊಳ್ಳುತ್ತಾಳೆ.

ಆಲಮಟ್ಟಿ ಹಿನ್ನೀರಿನ ಮುಳುಗಡೆಯಿಂದ ಎದ್ದು ಬಂದ ಒಬ್ಬ ಮುತ್ಯಾ ದಿನವೂ ಸಂಜೆಯಾದೊಡನೆ ಚೀಲ ಕಟ್ಟಿಕೊಂಡು ಹಳೆಯ ಊರಿಗೆ ಹೊರಡುತ್ತಿದ್ದರು. ಆಲ್ಜೈಮರ್‌ನಲ್ಲಿ ಹೊಸ ನೆನಪು ಮೊದಲು ಹೋಗುತ್ತದೆ, ಹಳೆಯದು ಬಹಳ ಕಾಲ ಉಳಿಯುತ್ತದೆ. ಪುನರ್ವಸತಿ ಕೇಂದ್ರದ ಮನೆ ಅವರ ಪಾಲಿಗೆ ಯಾರದೋ ಮನೆ. "ಊರು ನೀರಾಗ ಹೋಗೇತಿ" ಎಂದು ಮಗ ಹೇಳಿದಾಗಲೆಲ್ಲ ಅವರು ಅದನ್ನು ಮೊದಲ ಸಲ ಕೇಳಿದಂತೆ ಅಳುತ್ತಿದ್ದರು. ವಾದ ಬಿಟ್ಟು ಊರಿನ ಸಂಗತಿ ಕೇಳುತ್ತ ಜೊತೆಗೆ ನಾಲ್ಕು ಹೆಜ್ಜೆ ಹೋಗಿ ಮರಳಿ ಕರೆತನ್ನಿ, ಮುಸ್ಸಂಜೆಗೆ ಮೊದಲೇ ದೀಪ ಹಾಕಿ ಎಂದು ಹೇಳಿದೆ. ಅಳು ನಿಂತಿತು.

ನಾನು ಅತಿ ಹೆಚ್ಚು ಸಮಯ ಕೊಡುವುದು ಮಾತ್ರ ಹರೆಯದವರಿಗೆ, ಏಕೆಂದರೆ ಅವರ ಅರಿವಿನ ಕೊರತೆಯನ್ನು ಯಾರೂ ಕೊರತೆಯೆಂದು ಕಾಣುವುದಿಲ್ಲ. ಇಂಡಿ ತಾಲ್ಲೂಕಿನ ಒಬ್ಬ ಹುಡುಗನಿಗೆ ಸ್ಕಿಜೋಫ್ರೇನಿಯಾ ಎಂಬ ಮಾನಸಿಕ ಕಾಯಿಲೆ. ಅಪ್ಪ ಬಂದು ಹೇಳಿದರು: "ಗುಳಗಿ ತಗೊಂಡ ಮ್ಯಾಲ ಕಿವ್ಯಾಗ ದನಿ ಕೇಳೂದು ನಿಂತೈತ್ರಿ. ಖರೇ ದುಡಿಯಂಗಿಲ್ಲ, ಮೈಗಳ್ಳ ಆಗ್ಯಾನ." ನಾನು ಹೇಳಿದ ಅಂಕಿಗಳನ್ನು ಅವನು ಅದೇ ಕ್ರಮದಲ್ಲಿ ಐದು ಅಂಕಿಗಳವರೆಗೆ ಹೇಳಿದ, ಕೊನೆಯಿಂದ ಮೊದಲಿಗೆ ಹೇಳುವಾಗ ಎರಡಕ್ಕೇ ನಿಂತ. ಅಂಗಡಿಯಿಂದ ಮೂರು ಸಾಮಾನು ತರಲು ಹೇಳಿದರೆ ಒಂದು ತರುತ್ತಾನೆ ಎಂಬ ಅಪ್ಪನ ದೂರಿಗೆ ಇದೇ ಕಾರಣ. ಜರ್ಮನಿಯ ಕ್ರೇಪೆಲಿನ್ ಈ ಕಾಯಿಲೆಯನ್ನು 'ಎಳೆಯ ವಯಸ್ಸಿನ ಬುದ್ಧಿನಾಶ' ಎಂಬರ್ಥದ ಹೆಸರಿನಿಂದಲೇ ಕರೆದಿದ್ದ. ಹೆಸರು ಬದಲಾಯಿತು, ಆದರೆ ಗಮನ, ಕೇಳಿದ್ದನ್ನು ಆ ಹೊತ್ತಿಗೆ ಮನಸ್ಸಿನಲ್ಲಿ ಹಿಡಿದಿಟ್ಟು ಬಳಸುವ ನೆನಪು, ಯೋಚನೆಯ ವೇಗ ಕುಗ್ಗುವುದು ಕಾಯಿಲೆಯ ಭಾಗವಾಗಿಯೇ ಉಳಿದಿದೆ. ದನಿ ನಿಲ್ಲಿಸುವ ಔಷಧಗಳು ಇದನ್ನು ಹೆಚ್ಚೇನೂ ಸರಿಪಡಿಸುವುದಿಲ್ಲ. ಮೇಲಾಗಿ ಕೈ ನಡುಕಕ್ಕೆಂದು ಎಂದೋ ಬರೆದ ಟ್ರೈಹೆಕ್ಸಿಫೆನಿಡಿಲ್ ಮಾತ್ರೆ ವರ್ಷಗಟ್ಟಲೆ ಮುಂದುವರಿದಿತ್ತು, ಅದು ನೆನಪನ್ನು ಇನ್ನಷ್ಟು ಮಸುಕು ಮಾಡುತ್ತದೆ. ನಾನು ಮನೋವೈದ್ಯರಿಗೆ ಬರೆದೆ. ಅವರು ಅದನ್ನು ಹಂತಹಂತವಾಗಿ ಇಳಿಸಿ ನಿಲ್ಲಿಸಿದರು.

ಅಭ್ಯಾಸವನ್ನು ಅವರ ನಿಂಬೆ ತೋಟದಲ್ಲಿಯೇ ಶುರು ಮಾಡಿದೆವು. ಮೊದಲು ಎರಡು ಬುಟ್ಟಿ, ದೊಡ್ಡ ಕಾಯಿ ಒಂದಕ್ಕೆ, ಸಣ್ಣದು ಇನ್ನೊಂದಕ್ಕೆ, ಹತ್ತೇ ನಿಮಿಷ. ತಪ್ಪಿಲ್ಲದೆ ಬಂದ ಮೇಲೆ ಹಳದಿ ಕಾಯಿಗೆ ಮೂರನೆಯ ಬುಟ್ಟಿ. ಮಾಡುವ ಮೊದಲು ಏನು ಮಾಡಲಿದ್ದೇನೆಂದು ಬಾಯಿಬಿಟ್ಟು ಹೇಳಬೇಕು. ದಿನದ ಕೆಲಸಗಳ ಪಟ್ಟಿ ಬಾಗಿಲ ಹಿಂದೆ ಅಂಟಿಸಿರಬೇಕು. ಅಪ್ಪ ಒಂದು ಸಲಕ್ಕೆ ಒಂದೇ ಮಾತು ಹೇಳಬೇಕು. ಅಪ್ಪನಿಗೆ ಈ ಕೊನೆಯದೇ ಅತ್ಯಂತ ಕಷ್ಟವಾಯಿತು. ಎಂಟು ತಿಂಗಳ ಮೇಲೆ ಹುಡುಗ ಒಂದು ತಾಸು ಎಡೆಬಿಡದೆ ಕಾಯಿ ಆರಿಸುತ್ತಿದ್ದ, ಮೂರು ಸಾಮಾನಿಗೆ ಮೂರನ್ನೂ ತರುತ್ತಿದ್ದ. ಲೆಕ್ಕ ಬರೆಯುವುದು ಇನ್ನೂ ಆಗುತ್ತಿಲ್ಲ, ಬಿ.ಕಾಂ. ಮತ್ತೆ ಶುರು ಮಾಡುವ ಮಾತು ಸದ್ಯಕ್ಕಿಲ್ಲ. 2016ರ ವಿಕಲಚೇತನರ ಹಕ್ಕುಗಳ ಕಾಯ್ದೆಯಲ್ಲಿ ಮಾನಸಿಕ ಕಾಯಿಲೆಯೂ ಸೇರಿದೆ ಎಂದು ತಿಳಿಸಿ ಪ್ರಮಾಣಪತ್ರಕ್ಕೆ ಅರ್ಜಿ ಹಾಕಲು ಹೇಳಿದಾಗ, ಮದುವೆಗೆ ಅಡ್ಡಿಯಾಗುತ್ತದೆಂದು ಅಪ್ಪ ಎರಡು ಸಲ ಬೇಡವೆಂದರು. ಕಳೆದ ವಾರ ಆಧಾರ್ ಕಾರ್ಡಿನ ಝೆರಾಕ್ಸ್ ಮತ್ತು ಎರಡು ಫೋಟೊ ತಂದುಕೊಟ್ಟರು. ವರದಿಯಲ್ಲಿ ಅವನಿಗೆ ಏನು ಬರುವುದಿಲ್ಲ ಎಂಬುದರ ಕೆಳಗೆ ಏನೇನು ಬರುತ್ತದೆ ಎಂಬುದನ್ನೂ ಬರೆದು, ಸಹಿ ಮಾಡುವ ಮೊದಲು ಹುಡುಗನಿಗೂ ಅಪ್ಪನಿಗೂ ಓದಿ ಹೇಳಿದೆ.