ನಲ್ಲಿಯಿಂದ ವರದಿಯವರೆಗೆ: ರಾಯಚೂರು ಸೀಮೆಯಲ್ಲಿ ಕುಡಿಯುವ ನೀರಿನ ಸೂಕ್ಷ್ಮಜೀವಿ ಪರೀಕ್ಷೆ

ಎಂ.ಎಸ್ಸಿ. ಮೈಕ್ರೊಬಯಾಲಜಿ ಮುಗಿಸಿ, ವಿಶ್ವವಿದ್ಯಾಲಯದಲ್ಲಿದ್ದುಕೊಂಡು ಪರಿಸರ ಮತ್ತು ಜನಾರೋಗ್ಯದ ಕೆಲಸ ಮಾಡಬೇಕು ಅನ್ನುವವರು ಮೊದಲು ಕೈಗೆ ರೂಢಿ ಮಾಡಿಕೊಳ್ಳಬೇಕಾದದ್ದು ಕುಡಿಯುವ ನೀರಿನ ಪರೀಕ್ಷೆ. ಪಿಸಿಆರ್, ಸೀಕ್ವೆನ್ಸಿಂಗ್ ತರಹದ ಡಿಎನ್ಎ ಪರೀಕ್ಷೆಗಳು ಆಮೇಲೆ ಬರಲಿ. 2022ರ ಬೇಸಿಗೆ ಕೊನೆಗೆ ರಾಯಚೂರು ನಗರದಲ್ಲಿ ಕಲುಷಿತ ನೀರು ಕುಡಿದು ಜನ ಸತ್ತರು. ಮರುವರ್ಷ ಕೊಪ್ಪಳ ಜಿಲ್ಲೆಯ ಹಳ್ಳಿಗಳಲ್ಲೂ ವಾಂತಿ–ಭೇದಿಯಿಂದ ಸಾವಾದವು. ಇಂಥ ಹೊತ್ತಿನಲ್ಲಿ ಯಾವ ಟ್ಯಾಂಕಿನಿಂದ, ಯಾವ ಪೈಪಿನಿಂದ ಕೆಟ್ಟಿತು ಎಂದು ಖಚಿತವಾಗಿ ಹೇಳಬಲ್ಲವರು ಬೇಕು. ಹಾಗೆ ಹೇಳಲಾಗದೆ ಹೋಗುವುದಕ್ಕೆ ಬಹಳ ಸಲ ಕಾರಣ ಪ್ರಯೋಗಾಲಯವಲ್ಲ. ಮಾದರಿ ನಲ್ಲಿಯ ಹತ್ತಿರವೋ ದಾರಿಯಲ್ಲೋ ಕೆಟ್ಟಿರುತ್ತದೆ.

ಬಾಟಲಿಯಿಂದ ಶುರು ಮಾಡೋಣ. 250 ಮಿ.ಲೀ. ಅಗಲ ಬಾಯಿಯ, ಆಟೊಕ್ಲೇವ್ (ಒತ್ತಡದ ಹಬೆಯಲ್ಲಿ ಸೂಕ್ಷ್ಮಜೀವಿ ಕೊಲ್ಲುವ ಯಂತ್ರ) ತಡೆಯುವ ಬಾಟಲಿ ತೆಗೆದುಕೊಳ್ಳಿ. 3 ಗ್ರಾಂ ಸೋಡಿಯಂ ಥಯೊಸಲ್ಫೇಟನ್ನು 100 ಮಿ.ಲೀ. ಭಟ್ಟಿ ಇಳಿಸಿದ ನೀರಿನಲ್ಲಿ ಕರಗಿಸಿ, ಆ ದ್ರಾವಣದ 0.2 ಮಿ.ಲೀ.ಯನ್ನು ಪ್ರತಿ ಬಾಟಲಿಗೆ ಹಾಕಿ, ಮುಚ್ಚಳ ಸಡಿಲ ಬಿಟ್ಟು 121 ಡಿಗ್ರಿಯಲ್ಲಿ 15 ನಿಮಿಷ ಆಟೊಕ್ಲೇವ್ ಮಾಡಿ. ಥಯೊಸಲ್ಫೇಟ್ ಯಾಕೆ ಅಂದರೆ, ನೀರಿನಲ್ಲಿರುವ ಕ್ಲೋರಿನ್ ಬಾಟಲಿಯೊಳಗೂ ಕೆಲಸ ಮಾಡುತ್ತಲೇ ಇರುತ್ತದೆ. ನಲ್ಲಿಯಲ್ಲಿ ಬದುಕಿದ್ದ ಬ್ಯಾಕ್ಟೀರಿಯಾ ನೀವು ಊರಿಗೆ ತಲುಪುವ ಹೊತ್ತಿಗೆ ಸತ್ತಿರುತ್ತವೆ, ಕೆಟ್ಟ ನೀರು ಒಳ್ಳೆಯದೆಂದು ವರದಿಯಾಗುತ್ತದೆ. ಮೇಲಿನ ಅಳತೆ ಲೀಟರಿಗೆ ಸುಮಾರು 5 ಮಿ.ಗ್ರಾಂ. ಕ್ಲೋರಿನ್‌ವರೆಗೆ ತಟಸ್ಥಗೊಳಿಸಲು ಸಾಕಾಗುತ್ತದೆ. ಈ ಬಾಟಲಿಯನ್ನು ನಲ್ಲಿ ನೀರಿನಿಂದ ಒಮ್ಮೆ ತೊಳೆದು ಹಿಡಿಯುವ ಅಭ್ಯಾಸ ರಸಾಯನಶಾಸ್ತ್ರದ ಮಾದರಿಗಳಿಂದ ಬಂದದ್ದು. ಇಲ್ಲಿ ತೊಳೆದರೆ ಥಯೊಸಲ್ಫೇಟೇ ಹರಿದುಹೋಗುತ್ತದೆ. ತೊಳೆಯಬೇಡಿ.

ನಲ್ಲಿಯ ಹತ್ತಿರ

ಮೊದಲು ನೀರಗಂಟಿಯನ್ನು ಹುಡುಕಿ. ‘ಅಣ್ಣಾರ, ಈ ಓಣಿಗೆ ನೀರು ಎಂದು ಬಿಡ್ತೀರಿ, ಎಷ್ಟೊತ್ತಿಗೆ?’ ಎಂದು ಕೇಳದೆ ಹೋದರೆ ಒಣ ನಲ್ಲಿ ನೋಡಿ ವಾಪಸು ಬರಬೇಕಾಗುತ್ತದೆ. ನಾಲ್ಕು ದಿನಕ್ಕೋ ಎಂಟು ದಿನಕ್ಕೋ ಒಮ್ಮೆ ನೀರು ಬರುವ ಊರುಗಳಲ್ಲಿ ನೀರು ಬಿಟ್ಟ ಮೊದಲ ಹತ್ತು ನಿಮಿಷವೇ ಅತಿ ಮುಖ್ಯ. ಕಾರಣ ವಾಲ್ವ್ ಗುಂಡಿಯಲ್ಲಿ ಕಾಣುತ್ತದೆ. ಕಲ್ಲುಚಪ್ಪಡಿ ಸರಿಸಿ ನೋಡಿ: ಗಟಾರದ ನೀರು ಇಳಿದು ಅರ್ಧ ಗುಂಡಿ ತುಂಬಿರುತ್ತದೆ, ಅದರಲ್ಲಿ ವಾಲ್ವು ಮುಳುಗಿರುತ್ತದೆ, ವಾಲ್ವಿನ ಕತ್ತಿಗೆ ಸೈಕಲ್ ಟ್ಯೂಬಿನ ರಬ್ಬರ್ ಪಟ್ಟಿ ಸುತ್ತಿರುತ್ತಾರೆ. ಪೈಪಿನಲ್ಲಿ ನೀರಿರುವಾಗ ಸೋರಿಕೆ ಒಳಗಿನಿಂದ ಹೊರಗೆ. ನೀರು ನಿಂತಾಗ ಪೈಪು ಖಾಲಿಯಾಗಿ ಅದೇ ಸಂದಿನಿಂದ ಗುಂಡಿಯ ನೀರು ಒಳಗೆ ಎಳೆದುಕೊಳ್ಳುತ್ತದೆ. ಮನೆಯವರು ನಲ್ಲಿಗೆ ನೇರವಾಗಿ ಮೋಟಾರ್ ಹಚ್ಚಿದರೆ ಎಳೆತ ಇನ್ನೂ ಜೋರು. ಅದಕ್ಕೇ ಒಂದೇ ನಲ್ಲಿಯಿಂದ ಎರಡು ಮಾದರಿ ಹಿಡಿಯಿರಿ: ನೀರು ಬಂದ ಕೂಡಲೇ ಒಂದು, ಅರ್ಧ ಗಂಟೆಯ ನಂತರ ಇನ್ನೊಂದು. ಮೊದಲಿನದರಲ್ಲಿ ಇ. ಕೊಲೈ (ಮಲದ ಸೋಂಕು ತೋರಿಸುವ ಬ್ಯಾಕ್ಟೀರಿಯಾ) ಇದ್ದು ಎರಡನೆಯದರಲ್ಲಿ ಇಲ್ಲದಿದ್ದರೆ ಮೊದಲು ಹುಡುಕಬೇಕಾದದ್ದು ಪೈಪಿನ ದಾರಿಯನ್ನು. ಎರಡರಲ್ಲೂ ಇದ್ದರೆ ಟ್ಯಾಂಕು ಹತ್ತಿ ನೋಡಿ.

ಪೈಪಿನ ನೀರನ್ನು ತಿಳಿಯಬೇಕಿದ್ದರೆ ನಲ್ಲಿಗೆ ಕಟ್ಟಿದ ಬಟ್ಟೆ, ರಬ್ಬರ್ ಪೈಪು ಬಿಚ್ಚಿ, ಬಾಯಿ ಒರೆಸಿ, ಸ್ಪಿರಿಟ್ ಹತ್ತಿಯಿಂದ ಸುಡಿ. ಪ್ಲಾಸ್ಟಿಕ್ ನಲ್ಲಿಯಾದರೆ ಶೇ. 70ರ ಆಲ್ಕೊಹಾಲ್ ಸಾಕು. ಸಾಮಾನ್ಯ ಮಾದರಿಗೆ ಎರಡು–ಮೂರು ನಿಮಿಷ ನೀರು ಹರಿಯಬಿಡಿ. ಮೇಲೆ ಹೇಳಿದ ಮೊದಲ ಮಾದರಿಗೆ ಮಾತ್ರ ನೀರು ಬರುವ ಮೊದಲೇ ನಲ್ಲಿ ಶುದ್ಧ ಮಾಡಿ, ಬಂದ ನೀರನ್ನೇ ಹಿಡಿಯಿರಿ. ಜನ ಕುಡಿಯುವ ನೀರು ಹೇಗಿದೆ ಎಂಬುದು ಪ್ರಶ್ನೆಯಾದರೆ ನಲ್ಲಿ ಸುಡುವುದು ತಪ್ಪು. ಆಗ ಕೊಡದಿಂದ, ಮನೆಯವರು ತಂಬಿಗೆ ಅದ್ದಿ ಕೊಡುವ ಹಾಗೇ ಹಿಡಿಯಬೇಕು. ಈ ಎರಡು ಪ್ರಶ್ನೆಗಳನ್ನು ಕಲಸಿ ಬರೆದ ಪ್ರಬಂಧಗಳು ಯಾವ ಪ್ರಶ್ನೆಗೂ ಉತ್ತರ ಕೊಡುವುದಿಲ್ಲ.

ಮುಚ್ಚಳ ಕೆಳಗಿಡಬೇಡಿ, ಒಳಬದಿ ಕೆಳಮುಖವಾಗಿ ಬೆರಳಲ್ಲೇ ಹಿಡಿದುಕೊಳ್ಳಿ. ಮೇಲೆ ಎರಡೂವರೆ ಸೆಂ.ಮೀ. ಖಾಲಿ ಬಿಡಿ, ಇಲ್ಲದಿದ್ದರೆ ಪ್ರಯೋಗಾಲಯದಲ್ಲಿ ಕುಲುಕಲು ಜಾಗವಿರುವುದಿಲ್ಲ. ಕೈಪಂಪಾದರೆ ಐದು ನಿಮಿಷ ಹೊಡೆದು ಆಮೇಲೆ ಹಿಡಿಯಿರಿ. ಕಾಲುವೆಯಲ್ಲಿ ಬಾಟಲಿಯ ಬಾಯಿ ಹರಿವಿಗೆ ಎದುರಾಗಿರಲಿ, ಕೈ ಹಿಂದಿರಲಿ.

ಕ್ಲೋರಿನ್ ಅಳತೆಯನ್ನು ಅಲ್ಲೇ, ಬೇರೆ ಬಾಟಲಿಯಲ್ಲಿ ಮಾಡಬೇಕು. ಥಯೊಸಲ್ಫೇಟ್ ಹಾಕಿದ ಬಾಟಲಿಯ ನೀರಿಗೆ ಕ್ಲೋರಿನ್ ಅಳೆಯುವ ಡಿಪಿಡಿ ಮಾತ್ರೆ ಹಾಕಿದರೆ ಯಾವಾಗಲೂ ಸೊನ್ನೆಯೇ ಬರುತ್ತದೆ, ಅದನ್ನು ನಂಬಿ ನೀರಗಂಟಿಯ ಮೇಲೆ ತಪ್ಪು ಹೊರಿಸುವುದು ಅನ್ಯಾಯ. ಭಾರತೀಯ ಮಾನಕ ಐಎಸ್ 10500 ಪ್ರಕಾರ ಉಳಿಕೆ ಕ್ಲೋರಿನ್ ಲೀಟರಿಗೆ ಕನಿಷ್ಠ 0.2 ಮಿ.ಗ್ರಾಂ. ಇರಬೇಕು, 100 ಮಿ.ಲೀ.ಯಲ್ಲಿ ಇ. ಕೊಲೈ ಒಂದೂ ಸಿಗಬಾರದು.

ದಾರಿಯಲ್ಲಿ

ಏಪ್ರಿಲ್–ಮೇನಲ್ಲಿ ಇಲ್ಲಿ ನೆರಳಿನಲ್ಲೇ 40 ದಾಟುತ್ತದೆ. ಲಿಂಗಸುಗೂರು, ದೇವದುರ್ಗ, ಸಿಂಧನೂರಿನ ಕಡೆಯಿಂದ ಬಸ್ಸಿನಲ್ಲಿ ಬ್ಯಾಗಿನೊಳಗೆ ತಂದ ಬಾಟಲಿಯಲ್ಲಿ ಬ್ಯಾಕ್ಟೀರಿಯಾ ಕೆಲವು ಬೆಳೆಯುತ್ತವೆ, ಕೆಲವು ಸಾಯುತ್ತವೆ. ಸಂಖ್ಯೆ ಯಾವ ಕಡೆ ವಾಲಿತು ಎಂದು ಯಾರೂ ಹೇಳಲಾರರು. ಐಸ್ ಪೆಟ್ಟಿಗೆಯಲ್ಲಿ 10 ಡಿಗ್ರಿಗಿಂತ ಕೆಳಗೆ, ಬೆಳಕು ತಾಗದಂತೆ, ನಿಲ್ಲಿಸಿ ತನ್ನಿ. ಅಂಗಡಿಯಿಂದ ಒಡೆದ ಐಸ್ ತುಂಬಿದರೆ ಕರಗಿದ ನೀರು ಮುಚ್ಚಳದ ಸುತ್ತ ನಿಂತು ಒಳಗೆ ಇಳಿಯುತ್ತದೆ; ಐಸ್ ಪ್ಯಾಕ್ ಬಳಸಿ, ಇಲ್ಲವಾದರೆ ಪ್ರತಿ ಬಾಟಲಿಯನ್ನು ಶುಚಿಯಾದ ಪ್ಲಾಸ್ಟಿಕ್ ಚೀಲಕ್ಕೆ ಹಾಕಿ ಬಿಗಿಯಾಗಿ ಕಟ್ಟಿ. ಆರು ಗಂಟೆಯೊಳಗೆ ಪರೀಕ್ಷೆ ಶುರುವಾಗಲಿ, ಏನೇ ಆದರೂ 24 ಗಂಟೆ ದಾಟಬಾರದು. ಆಟೊಕ್ಲೇವ್ ಮಾಡಿದ ನೀರಿನ ಒಂದು ಬಾಟಲಿಯನ್ನು ಪ್ರತಿ ಪ್ರವಾಸದಲ್ಲೂ ಒಯ್ದು, ಸ್ಥಳದಲ್ಲಿ ತೆರೆದು ಮುಚ್ಚಿ, ವಾಪಸು ತಂದು ಉಳಿದವುಗಳ ಜೊತೆ ಪರೀಕ್ಷಿಸಿ. ಅದರಲ್ಲಿ ಏನಾದರೂ ಬೆಳೆದರೆ ಆ ದಿನದ ಮಾದರಿಗಳನ್ನೆಲ್ಲ ಬಿಟ್ಟುಬಿಡಬೇಕು, ಎಷ್ಟೇ ಸಂಕಟವಾದರೂ.

ಪ್ರಯೋಗಾಲಯದಲ್ಲಿ

ಟ್ಯೂಬುಗಳ ಫಲಿತಾಂಶದಿಂದ ಬ್ಯಾಕ್ಟೀರಿಯಾ ಸಂಖ್ಯೆ ಅಂದಾಜಿಸುವ ಎಂಪಿಎನ್ ವಿಧಾನ ಹಳೆಯದು, ಆದರೆ ಕರೆಂಟು ಹೋಗುವ ಊರಿಗೂ ಕದಡಿದ ನೀರಿಗೂ ಇದು ಒಗ್ಗುತ್ತದೆ. ಬ್ಯಾಕ್ಟೀರಿಯಾ ಸೋಸಿ ಹಿಡಿಯುವ 0.45 ಮೈಕ್ರಾನಿನ ಮೆಂಬ್ರೇನ್ ಫಿಲ್ಟರ್ ಚೊಕ್ಕ ವಿಧಾನ ನಿಜ. ಮುಂಗಾರಿನ ಕಾಲುವೆ ನೀರು ಹಾಕಿದರೆ ಎರೆಮಣ್ಣಿಗೆ ಕಟ್ಟಿಕೊಂಡುಬಿಡುತ್ತದೆ.

ಬಾಟಲಿಯನ್ನು 25 ಸಲ ಜೋರಾಗಿ ಕುಲುಕಿ. ದುಪ್ಪಟ್ಟು ಸಾಂದ್ರತೆಯ ಮ್ಯಾಕಾಂಕಿ ಬ್ರಾತ್ (ಬ್ಯಾಕ್ಟೀರಿಯಾ ಬೆಳೆಸುವ ದ್ರವ) 10 ಮಿ.ಲೀ. ಇರುವ ಐದು ಟ್ಯೂಬಿಗೆ ತಲಾ 10 ಮಿ.ಲೀ. ನೀರು; ಸಾಮಾನ್ಯ ಸಾಂದ್ರತೆಯ ಐದಕ್ಕೆ ತಲಾ 1 ಮಿ.ಲೀ.; ಇನ್ನೈದಕ್ಕೆ ತಲಾ 0.1 ಮಿ.ಲೀ. ಪ್ರತಿ ಟ್ಯೂಬಿನಲ್ಲೂ ಬೋರಲು ಹಾಕಿದ, ಅನಿಲ ಹಿಡಿಯುವ ಪುಟ್ಟ ಡರ್ಹಾಮ್ ಟ್ಯೂಬ್. 37 ಡಿಗ್ರಿಯಲ್ಲಿಟ್ಟು 24 ಮತ್ತು 48 ಗಂಟೆಗೆ ನೋಡಿ. ಬಣ್ಣ ಹಳದಿಯಾಗಿ ಒಳಗೆ ಅನಿಲದ ಗುಳ್ಳೆ ನಿಂತಿದ್ದರೆ ಅದು ಪಾಸಿಟಿವ್. ಆಟೊಕ್ಲೇವಿನಿಂದ ತೆಗೆದಾಗಲೇ ಗುಳ್ಳೆ ಉಳಿದಿದ್ದ ಟ್ಯೂಬುಗಳನ್ನು ನೀರು ಹಾಕುವ ಮೊದಲೇ ಬೇರೆ ಮಾಡಿ, ಇಲ್ಲದಿದ್ದರೆ ಗಾಳಿಯ ಗುಳ್ಳೆಯನ್ನೇ ಬ್ಯಾಕ್ಟೀರಿಯಾ ಅಂತ ಎಣಿಸುತ್ತೀರಿ. 10 ಮಿ.ಲೀ. ನೀರು ಹಾಕಿದ ಐದು ಟ್ಯೂಬುಗಳಷ್ಟೇ ಪಾಸಿಟಿವ್ ಆದರೆ ಎಂಪಿಎನ್ ಕೋಷ್ಟಕದಲ್ಲಿ 100 ಮಿ.ಲೀ.ಗೆ 23, ಹದಿನೈದೂ ಆದರೆ 1600 ಅಥವಾ ಅದಕ್ಕಿಂತ ಹೆಚ್ಚು. ಒಂದೂ ಆಗದಿದ್ದರೆ ‘1.8ಕ್ಕಿಂತ ಕಡಿಮೆ’ ಎಂದು ಬರೆಯಿರಿ, ಸೊನ್ನೆ ಎಂದಲ್ಲ.

ಇದು ಬರೀ ಮೊದಲ ಸುಳಿವು. ಖಚಿತಪಡಿಸಿಕೊಳ್ಳಲು ಪಾಸಿಟಿವ್ ಟ್ಯೂಬಿನಿಂದ ಸ್ವಲ್ಪ ದ್ರವವನ್ನು ಬಿಜಿಎಲ್‌ಬಿ ಬ್ರಾತಿಗೂ ಇಸಿ ಬ್ರಾತಿಗೂ ದಾಟಿಸಬೇಕು. ಇಸಿ ಬ್ರಾತ್ ನೀರಿನ ಬಾತಿನಲ್ಲಿ 44.5 ಡಿಗ್ರಿಯಲ್ಲಿ 24 ಗಂಟೆ, ಹೆಚ್ಚು ಕಡಿಮೆ 0.2 ಡಿಗ್ರಿ ಮಾತ್ರ. ಅದರಲ್ಲಿ ಅನಿಲ ಬಂದು, ಅದೇ ಶಾಖದಲ್ಲಿ ಇಂಡೋಲ್ (ಇ. ಕೊಲೈ ಹೊರಬಿಡುವ ಒಂದು ರಾಸಾಯನಿಕ) ಕೂಡ ಬಂದರೆ ಇ. ಕೊಲೈ ಎನ್ನಲು ಗಟ್ಟಿ ಆಧಾರ. ಬಾತಿನ ನೀರು ಇಲ್ಲಿಯ ಒಣ ಹವೆಗೆ ರಾತ್ರಿಯೊಳಗೆ ಇಳಿದು ಬ್ರಾತಿನ ಮಟ್ಟಕ್ಕಿಂತ ಕೆಳಗೆ ಹೋಗುತ್ತದೆ. ಸಂಜೆ ತುಂಬಿ, ಮುಚ್ಚಿಡಿ.

ಇನ್ನು ಟ್ಯೂಬುಗಳನ್ನು 37 ಡಿಗ್ರಿಯಲ್ಲಿಡುವ ಪೆಟ್ಟಿಗೆ, ಇನ್‌ಕ್ಯುಬೇಟರ್. ಸಾದಾ ಇನ್‌ಕ್ಯುಬೇಟರಿಗೆ ಬಿಸಿ ಮಾಡುವುದಷ್ಟೇ ಗೊತ್ತು, ತಂಪು ಮಾಡುವುದು ಗೊತ್ತಿಲ್ಲ. ಕೋಣೆಯೇ 41 ಇದ್ದರೆ ಒಳಗೆ 37 ನಿಲ್ಲುವುದು ಸಾಧ್ಯವಿಲ್ಲ. ಪರದೆಯ ಮೇಲಿನ ಅಂಕಿ ನಂಬದೆ ಒಳಗೆ ಬೇರೊಂದು ಥರ್ಮಾಮೀಟರ್ ಇಟ್ಟು ದಿನಕ್ಕೆರಡು ಸಲ ಬರೆದಿಡಿ. ಬೇಸಿಗೆಗೆ ಕಂಪ್ರೆಸರ್ ಇರುವ ಬಿಒಡಿ ಇನ್‌ಕ್ಯುಬೇಟರ್ ಬೇಕು.

ಹಳ್ಳಿಯಲ್ಲೇ ಮೊದಲ ಜಾಲಾಟಕ್ಕೆ ಬ್ಯಾಕ್ಟೀರಿಯಾ ಹೊರಬಿಡುವ ಹೈಡ್ರೋಜನ್ ಸಲ್ಫೈಡ್ ಅನಿಲವನ್ನು ತೋರಿಸುವ ಎಚ್2ಎಸ್ ಬಾಟಲಿ ಒಳ್ಳೆಯದು. ಗ್ವಾಲಿಯರಿನ ವಿಜ್ಞಾನಿಗಳು 1982ರಲ್ಲಿ ಪ್ರಕಟಿಸಿದ ವಿಧಾನವಿದು: ನೀರು ತುಂಬಿಟ್ಟರೆ ಮಲದ ಸೋಂಕಿದ್ದಲ್ಲಿ ಒಂದೆರಡು ದಿನದಲ್ಲಿ ಕಪ್ಪಾಗುತ್ತದೆ. ಆಶಾ ಕಾರ್ಯಕರ್ತೆಯರಿಗೂ ಕಲಿಸಬಹುದು. ಆದರೆ ಕೊಳೆತ ಮೊಟ್ಟೆಯ ವಾಸನೆ ಬರುವ ಬೋರಿನ ನೀರು ಮಲವಿಲ್ಲದೆಯೂ ಕಪ್ಪಾದೀತು.

ಓದು, ಕೆಲಸ, ಅಧ್ಯಯನದ ಕ್ರಮ

ಅಧ್ಯಾಪಕ ಹುದ್ದೆಗೆ ಎಂ.ಎಸ್ಸಿ.ಯಲ್ಲಿ ಶೇ. 55, ಜೊತೆಗೆ ಸಿಎಸ್ಐಆರ್ ನೆಟ್‌ನ ಲೈಫ್ ಸೈನ್ಸಸ್ ಅಥವಾ ರಾಜ್ಯದ ಕೆಸೆಟ್ ಅರ್ಹತಾ ಪರೀಕ್ಷೆ, ಮುಂದೆ ಪಿಎಚ್.ಡಿ. ಕೃಷಿಯ ಕಡೆ ಒಲವಿದ್ದರೆ ರಾಯಚೂರಿನ ಕೃಷಿ ವಿಶ್ವವಿದ್ಯಾಲಯವಿದೆ. ಓದುತ್ತಲೇ ಜಿಲ್ಲೆಯ ನೀರು ಪರೀಕ್ಷಾ ಪ್ರಯೋಗಾಲಯದಲ್ಲಿ ಕೆಲವು ತಿಂಗಳು ಕೈಗೂಡಿಸಿದರೆ ಪ್ರಯೋಗಾಲಯಗಳ ಅಂತರರಾಷ್ಟ್ರೀಯ ಮಾನಕವಾದ ಐಎಸ್ಒ 17025ರ ದಾಖಲೆ ಶಿಸ್ತು ಬರುತ್ತದೆ.

ಪಿಎಚ್.ಡಿ.ಗೆ ನೂರು ಊರಿನಿಂದ ಒಂದೊಂದು ಮಾದರಿ ತರುವುದಕ್ಕಿಂತ ಹತ್ತು ಜಾಗಗಳನ್ನು ವರ್ಷಪೂರ್ತಿ ತಿಂಗಳಿಗೊಮ್ಮೆ ಹಿಡಿಯಿರಿ. ತುಂಗಭದ್ರಾ ಎಡದಂಡೆ ಕಾಲುವೆ ಹರಿಯುವಾಗ ಒಂದು ನೀರು, ಕಾಲುವೆ ನಿಂತು ಕೆರೆಯಲ್ಲಿ ಕೂಡಿಟ್ಟ ನೀರು ಇನ್ನೊಂದು, ಮೊದಲ ಮಳೆಯ ಕದಡು ಮತ್ತೊಂದು. ಈ ಮೂರೂ ಬಿದ್ದರೆ ಮಾತ್ರ ಈ ಸೀಮೆಯ ನೀರು ಅರ್ಥವಾಗುತ್ತದೆ. ಎಂಪಿಎನ್ ಅಂಕಿಗಳನ್ನು ಲಾಗ್ ಮಾಡಿ ಜ್ಯಾಮಿತೀಯ ಸರಾಸರಿ ತೆಗೆಯಿರಿ. ರೋಗಿಗಳ ಮಲದ ಮಾದರಿ, ಮನೆಮನೆ ಸಮೀಕ್ಷೆ ಇದ್ದರೆ ನೈತಿಕ ಸಮಿತಿಯ ಒಪ್ಪಿಗೆ ಮೊದಲೇ ಬೇಕು.

ಇ. ಕೊಲೈ ಸಿಕ್ಕಾಗ

ಪ್ರಕಟಣೆಗೆ ಕಾಯಬೇಡಿ. ಅದೇ ದಿನ ಪಿಡಿಒ ಮತ್ತು ತಾಲ್ಲೂಕು ಆರೋಗ್ಯಾಧಿಕಾರಿಗೆ ಫೋನ್ ಮಾಡಿ, ಬರಹದಲ್ಲೂ ಕೊಡಿ: ಯಾವ ನಲ್ಲಿ, ಎಷ್ಟೊತ್ತಿಗೆ ಹಿಡಿದದ್ದು, ಕ್ಲೋರಿನ್ ಎಷ್ಟಿತ್ತು, ಏನು ಮಾಡಬೇಕು. ವಾಟ್ಸಾಪ್ ಗುಂಪಿಗೆ ಮೊದಲು ಹಾಕಿದರೆ ಊರು ಹೆದರುತ್ತದೆ, ಟ್ಯಾಂಕು ಹಾಗೇ ಇರುತ್ತದೆ.

ಕ್ಲೋರಿನ್ ಲೆಕ್ಕವನ್ನೂ ಜೊತೆಗೇ ಬರೆದುಕೊಡಿ. 50,000 ಲೀಟರ್ ಟ್ಯಾಂಕಿಗೆ ಲೀಟರಿಗೆ 2 ಮಿ.ಗ್ರಾಂ. ಬೇಕಾದರೆ 100 ಗ್ರಾಂ ಕ್ಲೋರಿನ್. ಬ್ಲೀಚಿಂಗ್ ಪೌಡರಿನಲ್ಲಿ ಶೇ. 25 ಇದ್ದರೆ 400 ಗ್ರಾಂ ಪುಡಿ. ತಗಡಿನ ಶೆಡ್ಡಿನಲ್ಲಿ ಬಾಯಿ ತೆರೆದಿಟ್ಟ ಚೀಲ ಶೇ. 10ಕ್ಕೆ ಇಳಿದಿದ್ದರೆ ಅದೇ ಕೆಲಸಕ್ಕೆ ಒಂದು ಕಿಲೊ. ನೀರಗಂಟಿ ಪ್ರತಿದಿನ ತಪ್ಪದೆ ಹಾಕಿದರೂ ನಲ್ಲಿಯಲ್ಲಿ ಕ್ಲೋರಿನ್ ಸಿಗದಿರುವುದಕ್ಕೆ ಇದು ದೊಡ್ಡ ಕಾರಣ, ಹಾಗಾಗಿ ಪುಡಿಯನ್ನೂ ತಂದು ಪರೀಕ್ಷಿಸಿ. ಬಕೆಟ್ಟಿನಲ್ಲಿ ಕಲಸಿ, ಸುಣ್ಣ ತಳಕ್ಕೆ ಕೂತ ಮೇಲೆ ತಿಳಿಯನ್ನಷ್ಟೇ ಟ್ಯಾಂಕಿಗೆ ಸುರಿದು, ಕನಿಷ್ಠ ಅರ್ಧ ಗಂಟೆ ಬಿಟ್ಟು ನೀರು ಬಿಡಬೇಕು.

ಇ. ಕೊಲೈ ಸಿಗಲಿಲ್ಲ ಎಂದ ಮಾತ್ರಕ್ಕೆ ನೀರು ನಿರಪಾಯ ಎಂದು ಬರೆದುಕೊಡಬೇಡಿ. ಕ್ಲೋರಿನ್ನಿಗೆ ಇ. ಕೊಲೈ ಬೇಗ ಸಾಯುತ್ತದೆ, ಕಾಮಾಲೆಯ ವೈರಸ್ಸುಗಳು ಅಷ್ಟು ಬೇಗ ಸಾಯವು. ಓಣಿಯಲ್ಲಿ ವಾಂತಿ–ಭೇದಿ ನಡೆದಿದ್ದರೆ ಮಾದರಿ ನೆಗೆಟಿವ್ ಬಂದರೂ ಕಾಯಿಸಿ ಕುಡಿಯುವ ಸೂಚನೆ ಮುಂದುವರಿಯಲಿ. ಕ್ಲೋರಿನ್ ಸರಿಯಾದ ಮೇಲೆ, ಮುಂದಿನ ಸಲ ನೀರು ಬಿಡುವ ದಿನ ಕೇಳಿಕೊಂಡು, ಅದೇ ನಲ್ಲಿಗೆ, ಮೊದಲ ಹತ್ತು ನಿಮಿಷದೊಳಗೆ ಮತ್ತೆ ಹೋಗಿ.